ಕೊಟ್ಟೇಶಾರು

ಹೊಸ ಹುಣಸೆಹಣ್ಣಿನ ವಾಸನೆ ಎಂದರೆ ತನುಜಾಗೆ ಬಾಲ್ಯ. ಹಿಂದೂಪುರದ ಮಂಡಿಯಲ್ಲಿ ಅಪ್ಪನ ಹೆಗಲ ಮೇಲೆ ಕೂತು ಮೂಸಿದ ವಾಸನೆ. ಅದೇ ಊರಿನಲ್ಲಿ, ಅದೇ ವಾಸನೆಯ ಗಂಡನ ಮನೆಯ ಗೋದಾಮಿನ ಬಾಗಿಲಲ್ಲಿ ಈಗ ಅವಳು ಫೋನ್ ಹಿಡಿದು ನಿಂತಿದ್ದಳು. ಸರಿಯಾಗಿ ಕೇಳಿಸದೆಂದು ಸ್ಪೀಕರ್ ಹಾಕಿದ್ದಳು.

“ಕೊಟ್ಟೇಶಾರಮ್ಮಾ,” ಎಂದರು ವಕೀಲರು. ಅಷ್ಟೇ.

ಹಣ್ಣಿನಿಂದ ಬೀಜ ಬಿಡಿಸುತ್ತಿದ್ದ ಅತ್ತೆ ಬನಶಂಕರಮ್ಮ ತಲೆಯೆತ್ತಿದರು. “ಏನಂತೆ? ಕೋರ್ಟ್ನೋರು ಟೈಮು ಕೊಟ್ಬುಟ್ರಾ?”

ತೆಲುಗಿನಲ್ಲಿ ಕೊಟ್ಟೇಶಾರು ಎಂದರೆ ಕೊಟ್ಟರು ಎಂದಲ್ಲ. ಅರ್ಜಿ ವಜಾ ಮಾಡಿದರು ಎಂದು. ಗೋದಾಮಿನ ಸಾಲವನ್ನು ರಾಜಿಯಲ್ಲಿ ಮುಗಿಸಲು ಸರ್ಕಾರಿ ಬ್ಯಾಂಕು ಒಪ್ಪಿತ್ತು. ಗಡುವು ಮೀರಿತು. ಇನ್ನೊಂದಿಷ್ಟು ಕಾಲ ಕೊಡಿಸಿ ಎಂದು ಹೈಕೋರ್ಟಿಗೆ ಹಾಕಿದ ಅರ್ಜಿಯೊಂದೇ ಆಸರೆಯಾಗಿತ್ತು. ಸಾಲಕ್ಕೆ ಅಡವಿದ್ದದ್ದು ಅತ್ತೆ ಮದುವೆಯಾಗಿ ಬಂದ ಮನೆ.

“ಹೂಂ ಅತ್ತೆ, ಕೊಟ್ರು.”

“ಒಳ್ಳೇದಾಯ್ತು ಕಣಮ್ಮ. ಆ ಜಡ್ಜಪ್ಪನ ಹೊಟ್ಟೆ ತಣ್ಣಗಿರ್ಲಿ.”

ಶಿರಾ ಕಡೆಯ ಬನಶಂಕರಮ್ಮನ ನಾಲಿಗೆಗೆ ತೆಲುಗು ಕೊನೆಗೂ ಹತ್ತಲಿಲ್ಲ ಎಂಬುದು ಬೀದಿಗೆಲ್ಲ ತಮಾಷೆ. ಅವರಿಗೆ ನೋವಾಗುವ ಮಾತನ್ನು ಅವರೆದುರೇ ತೆಲುಗಿನಲ್ಲಿ ಆಡುವುದು ಮನೆಯ ರೂಢಿ. ಮಾವನ ಕಾಯಿಲೆ ವಾಸಿಯಾಗದೆಂದು ಡಾಕ್ಟರು ಹೇಳಿದ್ದೂ ಹಾಗೇ. ಅತ್ತೆ ಕೊನೆಯ ದಿನದವರೆಗೂ ಗಂಡನಿಗೆ ನಗುನಗುತ್ತಾ ಗಂಜಿ ಕುಡಿಸಿದ್ದರು. ಪಾಪ, ಏನೂ ತಿಳಿಯದೆ.

ಬ್ಯಾಂಕಿನವರು ಬರುವ ದಿನ ಗೊತ್ತಾಯಿತು. ತಾನೊಬ್ಬನೇ ಉಳಿದು ಮನೆಯ ಕೀಲಿ ಒಪ್ಪಿಸುತ್ತೇನೆ ಎಂದನು ತನುಜಾಳ ಗಂಡ ಓಬುಳೇಶ್, ಊಟದ ಹೊತ್ತಿನಲ್ಲಿ, ತೆಲುಗಿನಲ್ಲಿ. ಅತ್ತೆ ಅವನ ತಟ್ಟೆಗೆ ಇನ್ನೊಂದು ಸೌಟು ಸಾರು ಬಡಿಸಿದರು.

“ಅತ್ತೆ, ಕಲ್ಯಾಣದುರ್ಗಕ್ಕೆ ನಮ್ಮಕ್ಕನ ಮನೆಗೆ ಹೋಗಾಣ. ನಾಲ್ಕು ದಿನ ಇದ್ದು ಬರಾಣ.”

“ಹೋಗಾಣ ಬಿಡು. ನಿಮ್ಮಕ್ಕನ ಕಾಫಿ ಮಾತ್ರ ಕಲಗಚ್ಚು ಕಣಮ್ಮ.”

ನಾಲ್ಕು ದಿನಕ್ಕೆಂದು ಹೊರಟ ಅತ್ತೆ ಮಾವನ ಫೋಟೊ, ದೇವರ ದೀಪ, ಒದ್ದೆ ಬಟ್ಟೆಯಲ್ಲಿ ಸುತ್ತಿದ ತುಳಸಿಯ ಟೊಂಗೆ ಕಟ್ಟಿಕೊಂಡರು. ಹೊಸ್ತಿಲು ತೊಳೆದು ಅರಿಶಿನ ಹಚ್ಚಿದರು. ಅಲ್ಲೇ ಸ್ವಲ್ಪ ಹೊತ್ತು ಕೂತರು. ಮುದುಕರ ಗೀಳು, ಎಂದುಕೊಂಡಳು ತನುಜಾ.

ಬಸ್ಸಿನಲ್ಲಿ ಕಂಡಕ್ಟರ್ ಹೆಂಗಸರ ಉಚಿತ ಟಿಕೆಟ್ಟಿಗೆ ತೆಲುಗಿನಲ್ಲಿ ಆಧಾರ್ ಕೇಳಿದ. ತನುಜಾ ಬ್ಯಾಗು ತಡಕುವಷ್ಟರಲ್ಲಿ ಅತ್ತೆ ತಮ್ಮ ಕಾರ್ಡು ಚಾಚಿದ್ದರು.

ಊರು ದಾಟಿದ ಮೇಲೆ ಫೋನ್ ಬಂತು. ಓಬುಳೇಶ್. ಮನೆಗೆ ಸೀಲ್ ಹಾಕಿದರಂತೆ.

“ಅತ್ತಮ್ಮಕಿ ಎಟ್ಲಾ ಚೆಪ್ಪೇದಿ?” ಅತ್ತೆಗೆ ಹೇಗೆ ಹೇಳುವುದು ಎಂದು ಅತ್ತೆಯ ಪಕ್ಕದಲ್ಲೇ ಕೂತು ತೆಲುಗಿನಲ್ಲಿ ಕೇಳಿದಳು ತನುಜಾ. ಅವಳು ಕಿಟಕಿಗೆ ಮುಖ ತಿರುಗಿಸಿಕೊಂಡಳು. ಸೆರಗು ಒದ್ದೆಯಾಯಿತು.

ಅತ್ತೆ ಚೀಲದಿಂದ ಹುಳಿಯನ್ನದ ಬುತ್ತಿ ತೆಗೆದು, ಸದ್ದಿಲ್ಲದೆ ಬಿಚ್ಚಿ ಸೊಸೆಯ ಮಡಿಲಲ್ಲಿಟ್ಟರು.

“ಏಡವಾಕಮ್ಮಾ,” ಅಳಬೇಡಮ್ಮ ಎಂದರು, ಅಚ್ಚ ಹಿಂದೂಪುರದ ತೆಲುಗಿನಲ್ಲಿ. “ತಿನು.”