ಅವ್ವೆಯ ತಲೆಗೆ

"ಮಾಮ, ಬೇಲಿ ಹಾಕಿಸಿದ ಪಾಪವನ್ನೂ ಅವ್ವೆಯ ಹೆಸರಲ್ಲೇ ಸೇರಿಸಿ ಹೇಳಿಬಿಡು," ಎಂದು ಜೋಗಿಗೌಡ ತಾಯಿಯ ಹೆಣದ ಪಕ್ಕದಲ್ಲೇ ಹಾಲಜ್ಜನ ಕಿವಿಯಲ್ಲಿ ಉಸುರಿದ.

ಹಟ್ಟಿಯಲ್ಲಿ ಯಾರು ಸತ್ತರೂ ಪಾಪ ಹೇಳುವವನು ಹಾಲಜ್ಜನೇ. ಸತ್ತವರು ಮಾಡಿರಲಿ ಬಿಡಲಿ, ಅವನು ಒಂದೊಂದೇ ಪಾಪದ ಹೆಸರು ಹೇಳಬೇಕು. ಕೂಡಿದ ಜನರೆಲ್ಲ "ಪಾಪ" ಎಂದು ಒಕ್ಕೊರಲಿನಿಂದ ಒಪ್ಪಬೇಕು. ಹಾಗೆ ಒಪ್ಪಿದರೆ ಅದು ಕಳೆದುಹೋಗಿ, ಜೀವ ಪರಲೋಕಕ್ಕೆ ಹೋಗುವ ನೂಲಿನ ಸೇತುವೆ ದಾಟುತ್ತದೆ ಎಂದು ಬೆಟ್ಟದ ಬಡಗ ಜನರ ನಂಬಿಕೆ.

"ಬೇಲಿ ಹಾಕಿಸಿದ್ದು ನೀನಲ್ಲವಾ? ಅವ್ವೆ ಏನ ಮಾಡಿದಳು?"

"ಮನೆತನದ್ದೆಲ್ಲ ಅವಳೊಟ್ಟಿಗೆ ಹೋಗಲಿ ಮಾಮ. ಎನಗ ನಿದ್ದೆ ಇಲ್ಲೆ."

ಆ ಸುತ್ತಿನ ಹಟ್ಟಿಗಳಿಂದ ಮದರಾಸಿನ ಕೌನ್ಸಿಲ್ಲಿಗೆ ಹೋದ ಮೊದಲಿಗ ಜೋಗಿಗೌಡ. ರಸ್ತೆ ತಂದ, ಶಾಲೆ ತಂದ; ಅದನ್ನು ಯಾರೂ ಅಲ್ಲಗಳೆಯುವುದಿಲ್ಲ. ಆದರೆ ಎಸ್ಟೇಟಿನ ದೊರೆಗಳು ಎಮ್ಮೆ ಮೇಯುವ ಬೆಟ್ಟವನ್ನು ಕೇಳಿದಾಗ, "ಅದು ನಮ್ಮ ಜನಕ್ಕೆ ಬೇಡದ ನೆಲ" ಎಂದು ಕೌನ್ಸಿಲ್ಲಿನಲ್ಲಿ ಎದ್ದು ನಿಂತು ಹೇಳಿದವನೂ ಅವನೇ. ಮುಂದಿನ ಸಲವೂ ಕುರ್ಚಿ ಬೇಕಿತ್ತಲ್ಲ, ದೊರೆಗಳ ಮಾತು ಮೀರುವುದುಂಟೆ! ಬೇಲಿ ಎದ್ದಿತು. ಒಳಗೆ ನುಗ್ಗಿದ ಎಮ್ಮೆಯನ್ನು ಹೊಡೆದುಕೊಂಡು ಬರಲು ಹೋದ ಅವನ ಚಿಕ್ಕಪ್ಪನ ಮಗ, ಮಲ್ಲಿಯ ಗಂಡ, ಕಾವಲಿನವರ ಏಟು ತಿಂದು ಸತ್ತ.

ಹಾಲಜ್ಜ ಹೆಣದ ತಲೆಯ ಕಡೆ ನಿಂತ.

"ಗಡಿಕಲ್ಲು ಕಿತ್ತದ್ದು!"

"ಪಾಪ!" ಎಂದರು ಜನ.

"ಹರಿಯುವ ನೀರನ್ನು ತಿರುಗಿಸಿದ್ದು!"

"ಪಾಪ!"

"ಹಸಿದು ಬಂದವರನ್ನು ಅಟ್ಟಿದ್ದು!"

"ಪಾಪ!"

ಹಾಲಜ್ಜ ಜೋಗಿಗೌಡನತ್ತ ಒಮ್ಮೆ ನೋಡಿದ. "ಎಮ್ಮೆ ಮೇಯುವ ಬೆಟ್ಟಕ್ಕೆ ಬೇಲಿ ಹಾಕಿಸಿದ್ದು!"

"ಪಾಪ!"

ಒಂದೇ ದನಿ. ಸಭೆಗಳಲ್ಲಿ ಪಳಗಿದ, ಗಟ್ಟಿಯಾದ ದನಿ. ಉಳಿದವರಾರೂ ತುಟಿ ಬಿಚ್ಚಲಿಲ್ಲ. ಎಲ್ಲರೂ ತಿರುಗಿ ಜೋಗಿಗೌಡನನ್ನೇ ನೋಡಿದರು. ಅವನ ಮುಖ ಕಪ್ಪಿಟ್ಟಿತು. ಹೆಸರು ಹೇಳಿದ ಪಾಪವನ್ನು ಜನ ಒಪ್ಪದಿದ್ದರೆ ಹೆಣ ಎತ್ತುವಂತಿಲ್ಲ. ತನ್ನ ಭಾರ ಇಳಿಸಲು ಹೋಗಿ ಅವ್ವೆಯ ದಾರಿಗೇ ಕಲ್ಲು ಹಾಕಿದೆನಲ್ಲ ಎಂದು ಅವನಿಗೆ ಹೊಳೆಯಿತು.

"ಹೇಳಿ, ಒಂದು ಸಲ ಹೇಳಿ. ಅವ್ವೆ ದಾಟಬೇಕು," ಎಂದು ಕೈಮುಗಿದ.

ಹೆಂಗಸರ ನಡುವಿನಿಂದ ಮಲ್ಲಿ ಎದ್ದು ಬಂದಳು. ಹೆಣದ ಕಾಲು ಮುಟ್ಟಿ ಹಣೆಗೊತ್ತಿಕೊಂಡಳು.

"ಎನ್ನ ಗಂಡನ ಹೆಣಕ್ಕೆ ಈ ಅವ್ವೆ ತನ್ನ ಸೀಲೆ ಹೊದಿಸಿದಳು. ಬೇಲಿಯ ಪಾಪ ಅವ್ವೆದಲ್ಲ. ಅಜ್ಜ, ಅದ ವಾಪಸ್ಸು ತೆಗೆ, ಮುಂದಕ್ಕೆ ಹೇಳು. ಎಂಗಳೆಲ್ಲ ಒಪ್ಪುತೇವು."

ಹಾಲಜ್ಜ ತಲೆಯಾಡಿಸಿದ. ಜನ ನಿಟ್ಟುಸಿರುಬಿಟ್ಟರು.

"ಹಾಗಾದರೆ ಅದು?" ಜೋಗಿಗೌಡ ಕೇಳಿದ.

ಮಲ್ಲಿ ಅವನತ್ತ ತಿರುಗಿದಳು.

"ನಿನ್ನ ಹೆಣದ ಮುಂದೆ ಹೇಳುತೇವು, ಭಾವ. ಅವತ್ತು 'ಪಾಪ' ಎನ್ನುಲೆ ನಾಲ್ಕು ಬಾಯಿ ಬೇಕಲ್ಲ, ಈಗಿಂದಲೇ ಮನೆಮನೆಗೆ ಹೋಗಿ ಓಟು ಕೇಳು."