ತುಳಿದ ಹುಲ್ಲು

ಮನೆ ಮುಂದಿನ ಅಂಗಳದಲ್ಲಿ ಮೂರನೇ ಸಲ ಬಿತ್ತಿದ ಹುಲ್ಲು ಇನ್ನೇನು ಕಣ್ಣುಬಿಡುತ್ತಿದೆ ಎನ್ನುವಾಗ ಯಾರೋ ಅದನ್ನು ತುಳಿದುಹಾಕಿದ್ದರು. ನೀರಿನ ಪೈಪು ಹಿಡಿದು ನಿಂತ ದರ್ಜಿಗೆ ಮೈಯೆಲ್ಲ ಉರಿದುಹೋಯಿತು. ಮೊದಲ ಸಲದ್ದು ಗಟ್ಟಿ ಮಣ್ಣಿನಲ್ಲಿ ಬೇರು ಬಿಡದೆ ಸತ್ತಿತ್ತು, ಎರಡನೆಯದನ್ನು ಹಕ್ಕಿಗಳು ಹೆಕ್ಕಿ ತಿಂದಿದ್ದವು. ಈ ಸಲ ಮಣ್ಣು ಅಗೆದು, ಗೊಬ್ಬರ ಬೆರೆಸಿ, ಸುತ್ತಲೂ ಗೂಟ ನೆಟ್ಟು ಸೊಂಟದೆತ್ತರಕ್ಕೆ ಹಗ್ಗವನ್ನೂ ಕಟ್ಟಿದ್ದ.

"ಯಾರೇ ಇದನ್ನ ತುಳಿದಿದ್ದು? ಈ ಮನೇಲಿ ಯಾರಿಗೂ ಕಣ್ಣೇ ಇಲ್ವಾ?" ಎಂದು ಹೆಂಡತಿಗೆ ಕೇಳುವಂತೆ ಕೂಗಿದ.

"ನಾನೇ ಅಳಿಯಂದ್ರೇ."

ಬಾಗಿಲ ಚೌಕಟ್ಟು ಹಿಡಿದು ಹೆಂಡತಿಯ ತಾಯಿ ನಿಂತಿದ್ದರು. ಸೊಂಟ ಮುರಿದುಕೊಂಡ ಮೇಲೆ ಅವರು ಒಬ್ಬರೇ ಮಂಚ ಬಿಟ್ಟು ಎದ್ದದ್ದನ್ನು ಅವನು ನೋಡಿರಲಿಲ್ಲ. "ಮನೆಯೊಳಗಿನ ಜಾರೋ ನೆಲ ಅಂದ್ರೆ ಜೀವ ಬಾಯಿಗೆ ಬರುತ್ತೆ. ಇಲ್ಲಿ ಮಣ್ಣು ಮೆತ್ತಗಿದೆ, ಹಿಡ್ಕೊಳ್ಳೋಕೆ ಹಗ್ಗಾನೂ ಇದೆ. ನೀವೆಲ್ಲ ಏಳೋಕೆ ಮುಂಚೆ ಒಂದು ಸುತ್ತು ನಡೀತೀನಿ. ಬೈಯೋದಾದ್ರೆ ಬೈದುಬಿಡಿ."

ಅವನ ಸಿಟ್ಟೇನೂ ಇಳಿದಿರಲಿಲ್ಲ, ನೆಲಕಚ್ಚಿದ ಹುಲ್ಲು ಕಣ್ಣೆದುರೇ ಇತ್ತು. ಆದರೂ ಪೈಪನ್ನು ಬಿಸಾಕಿ, ಹತ್ತಿರದ ಗೂಟವನ್ನು ಅಲ್ಲಾಡಿಸಿ ನೋಡಿದ.

"ಇದು ಸಡಿಲ ಇದೆ ಅತ್ತೆ, ನಂಬ್ಕೊಂಡ್ರೆ ಬೀಳ್ತೀರಿ," ಎಂದು ಗೊಣಗುತ್ತ ಸುತ್ತಿಗೆ ತರಲು ಹೋದ.