ಬಾಗಿಲಿಗೇರದ ಹೆಸರು

ಹಾಳೆಯಲ್ಲಿ ಇನ್ನೂ ಇಪ್ಪತ್ನಾಲ್ಕು ವರ್ಷ ಬಾಕಿ ಎಂದಿತ್ತು. ಬಸ್ ಚಾಲಕ ಅಮೋಘಸಿದ್ಧ ಆ ಅಂಕಿಯ ಮೇಲೆ ಬೆರಳಿಟ್ಟ. "ತಪ್ಪಾಗೇತ್ರಿ ಸರ್. ಇಪ್ಪತ್ತ ವರ್ಷದ ಮನಿ ಸಾಲ, ಆರ ವರ್ಷ ಕಟ್ಟೇನಿ. ಹದಿನಾಲ್ಕ ಉಳೀಬೇಕು."

ಇಂಡಿ ಪಟ್ಟಣದ ಬ್ಯಾಂಕಿನ ಗುಮಾಸ್ತ ತಲೆ ಎತ್ತಲಿಲ್ಲ. "ಬಡ್ಡಿ ಏರೇತ್ರಿ. ನಿಮ್ಮ ಕಂತು ಹೆಚ್ಚ ಮಾಡಲಿಲ್ಲ, ಮುದ್ದತ್ತು ಬೆಳಸೇವಿ. ಮೆಸೇಜ್ ಬಂದಿತ್ತಲ್ರಿ?" ಬಂದಿತ್ತು, ಇಂಗ್ಲಿಷಿನಲ್ಲಿ. ಅವನು ನೋಡಿದ್ದು ಕಂತಿನ ಅಂಕಿಯನ್ನಷ್ಟೇ. ಬಡ್ಡಿ ಏರಿದರೂ ತನ್ನ ಕಂತು ಒಂದು ರೂಪಾಯಿಯೂ ಏರಲಿಲ್ಲವೆಂದು ಹಿಗ್ಗಿ, ಇದೇ ಟೇಬಲ್ಲಿಗೆ ಪೇಢೆ ತಂದು ಹಂಚಿದ್ದ. ಅವನ ನಿವೃತ್ತಿಗೆ ಉಳಿದದ್ದು ಹದಿನಾಲ್ಕೇ ವರ್ಷ.

ಮನೆಗೆ ಬಂದಾಗ ಎಪ್ಪತ್ತಾರರ ಅವ್ವ ರೇವವ್ವ, ಗೋಡೆಗೆ ಒರಗಿಸಿಟ್ಟ ಕಲ್ಲನ್ನು ಸೆರಗಿನಿಂದ ಒರೆಸುತ್ತಿದ್ದಳು. ಅದರ ಮೇಲೆ 'ರೇವವ್ವ ನಿಲಯ' ಎಂದು ಕೆತ್ತಿಸಿ ಆರು ವರ್ಷವಾಗಿತ್ತು. ಸಾಲ ತೀರುವ ತನಕ ಮನೆ ನಮ್ಮದಲ್ಲ, ಅಲ್ಲಿಯವರೆಗೆ ಬಾಗಿಲ ಮೇಲೆ ತನ್ನ ಹೆಸರು ಕೂಡದು ಎಂದು ಆಕೆಯೇ ಹಟ ಹಿಡಿದಿದ್ದಳು.

"ಬ್ಯಾಂಕಿನ್ಯಾಗ ಏನಂದ್ರೋ? ಇನ್ನ ಎಷ್ಟ ಉಳದಾವಂತ?"

"ಇಪ್ಪತ್ನಾಕಬೇ."

ರೇವವ್ವ ಬೆರಳು ಮಡಚಿ ಎಣಿಸಿದಳು. ತಿಂಗಳಿಗೊಂದು ಕಂತು. ಬೊಚ್ಚು ಬಾಯಿ ಅರಳಿತು. "ಇಪ್ಪತ್ನಾಕ ಕಂತಂದ್ರ ಎರಡಽ ವರ್ಷ! ಅಲ್ಲೀಮಟ ಸಾಯೂದಿಲ್ಲ ತಗೋ ನಾ."

ಅಮೋಘಸಿದ್ಧ ಜೇಬಿನ ಹಾಳೆಯನ್ನು ಹೊರಗೆ ತೆಗೆಯಲಿಲ್ಲ.

"ಹೌದಬೇ," ಎಂದ.